ಹಾಲ್ ಬೆಂಗಳೂರಿನದು, ಬಿಲ್ ಅಪ್ಪನದು

ಪ್ರಶ್ನೆ: ನನಗೆ 27 ವರ್ಷ. ಊರು ಚಿಕ್ಕಬಳ್ಳಾಪುರ, ಕೆಲಸ ಬೆಂಗಳೂರಿನ ನಾಗವಾರದ ಕಡೆ ಒಂದು ಸಾಫ್ಟ್‌ವೇರ್ ಕಂಪನಿಯಲ್ಲಿ. ವೈಶಾಖದಲ್ಲಿ ಮದುವೆ. ಹುಡುಗನ ಮನೆ ರಾಜಾಜಿನಗರ. ನೋಡಲು ಬಂದಾಗ ಅವನ ಅಮ್ಮ "ನಮಗೇನೂ ಬೇಡ, ಮದುವೆ ಚೆನ್ನಾಗಿ ಮಾಡಿಕೊಟ್ಟರೆ ಸಾಕು" ಅಂದಿದ್ದರು. ಈಗ ಅರಮನೆ ಮೈದಾನದ ಒಂದು ಹಾಲ್ ತೋರಿಸಿ, "ನಮ್ಮ ಕಡೆಯವರು ಚಿಕ್ಕಬಳ್ಳಾಪುರದವರೆಗೂ ಬರೋದು ಕಷ್ಟ" ಅನ್ನುತ್ತಿದ್ದಾರೆ. ಹುಡುಗನಿಗೆ ನಂದಿ ಬೆಟ್ಟದ ಹತ್ತಿರ ರೆಸಾರ್ಟಿನಲ್ಲಿ 150 ಜನರ ಮದುವೆ ಇಷ್ಟ. ನಿಜ ಹೇಳಬೇಕೆಂದರೆ ನನಗೂ ಅದೇ ಇಷ್ಟ. ಅಮ್ಮನಿಗೆ ನಮ್ಮೂರ ಛತ್ರವೇ ಆಗಬೇಕು. ಬಾಗೇಪಲ್ಲಿ, ಗುಡಿಬಂಡೆ, ಶಿಡ್ಲಘಟ್ಟದಿಂದೆಲ್ಲ ನೆಂಟರು ಬರುತ್ತಾರೆ. ಅಪ್ಪ ದ್ರಾಕ್ಷಿ ಬೆಳೆಗಾರರು. "ಅವರು ಹೇಳಿದ ಕಡೆಯೇ ಮಾಡೋಣ ಬಿಡು" ಅಂದು ಸುಮ್ಮನಾದರು. ಎರಡು ದಿನ ಬಿಟ್ಟು, ಸೈಟ್ ಮಾರುವ ವಿಚಾರ ಫೋನಿನಲ್ಲಿ ಮಾತಾಡುತ್ತಿದ್ದದ್ದು ನನ್ನ ಕಿವಿಗೆ ಬಿತ್ತು. ನಾನು ಯಾವ ಜಾಗಕ್ಕೆ ಹೂಂ ಅನ್ನಲಿ?

— ಹೆಸರು ಬೇಡ, ಚಿಕ್ಕಬಳ್ಳಾಪುರ

ಉತ್ತರ: ಮೂರು ಜಾಗದ ವಿವರ ಬರೆದಿದ್ದೀರಿ. ಯಾರಿಗೆ ಯಾವುದು ಇಷ್ಟ ಅಂತಲೂ ಬರೆದಿದ್ದೀರಿ. ಖರ್ಚು ಯಾರು ಹಾಕುತ್ತಾರೆ ಅನ್ನುವ ಮಾತು ಮಾತ್ರ ಪತ್ರದಲ್ಲಿ ಎಲ್ಲೂ ಇಲ್ಲ. ಅಪ್ಪನೇ ಹಾಕುತ್ತಾರೆ ಅಂತ ಎಲ್ಲರೂ ಅಂದುಕೊಂಡುಬಿಟ್ಟಿದ್ದೀರಿ. ನೀವೂ ಸೇರಿ.

ಹಾಗಾಗಿ ಮೊದಲ ಕೆಲಸ ಹಾಲ್ ನೋಡುವುದಲ್ಲ. ಇವತ್ತು ರಾತ್ರಿ ಊಟ ಆದಮೇಲೆ ಅಪ್ಪನ ಪಕ್ಕ ಕೂತು, ಸೈಟಿಗೆ ಅಡ್ವಾನ್ಸ್ ತಗೊಂಡಿದ್ದಾರಾ ಅಂತ ನೇರವಾಗಿ ಕೇಳಿ. ತಗೊಂಡಿಲ್ಲ ಅಂದರೆ, "ಈ ಮದುವೆಗೆ ಸೈಟ್ ಮಾರೋದು ಬೇಡ, ಕೈಯಲ್ಲಿ ಎಷ್ಟಿದೆ ಹೇಳಿ, ಅಷ್ಟರಲ್ಲೇ ಮಾಡೋಣ" ಅನ್ನಿ. ಅವರು "ಅದೆಲ್ಲ ನಿನಗ್ಯಾಕೆ" ಅಂತ ಗದರಬಹುದು. ಗದರಲಿ. ನೀವು ಸಂಬಳ ತರುವ ಮಗಳು, ನಿಮ್ಮದೇ ಮದುವೆ. ನಿಮಗಲ್ಲದೆ ಇನ್ಯಾರಿಗೆ? ನಿಮ್ಮ ಉಳಿತಾಯದಿಂದ ಎಷ್ಟು ಹಾಕುತ್ತೀರಿ ಅನ್ನುವುದನ್ನೂ ಅವತ್ತೇ ಹೇಳಿಬಿಡಿ. ಒಂದು ಹಾಳೆಯ ಮೇಲೆ ಒಟ್ಟು ಮೊತ್ತ ಬರೆದುಕೊಂಡ ಮೇಲೆ, ಮೂರರಲ್ಲಿ ಒಂದೋ ಎರಡೋ ಜಾಗ ತಾನಾಗಿಯೇ ಬಿದ್ದುಹೋಗುತ್ತದೆ.

ಈಗ ನಿಮ್ಮ ಅತ್ತೆಯಾಗುವವರ ಮಾತಿಗೆ ಬರೋಣ. "ನಮಗೇನೂ ಬೇಡ, ಮದುವೆ ಚೆನ್ನಾಗಿ ಮಾಡಿಕೊಟ್ಟರೆ ಸಾಕು." ನಮ್ಮ ಕಡೆ ಈ ಮಾತು ಕೇಳದ ಹೆಣ್ಣಿನ ಮನೆ ಇಲ್ಲ. ಕೇಳಿದ ತಕ್ಷಣ ಎಲ್ಲರಿಗೂ ಸಮಾಧಾನ, ಎಂಥ ಒಳ್ಳೆ ಜನ ಅಂತ. ಆದರೆ ಅದರಲ್ಲಿ ಮೊತ್ತ ಎಷ್ಟು ಅಂತ ಇರುವುದಿಲ್ಲ. ವರದಕ್ಷಿಣೆ ಕೇಳುವುದು 1961ರ ಕಾಯ್ದೆಯಿಂದ ಅಪರಾಧ ಅಂತ ಎಲ್ಲರಿಗೂ ಗೊತ್ತು, ಹಾಗಾಗಿ ಹಣ ಕೇಳಲು ಜನ ಹಿಂಜರಿಯುತ್ತಾರೆ. ಹಾಲ್ ಕೇಳಲು ಯಾರಿಗೂ ಹಿಂಜರಿಕೆ ಇಲ್ಲ. ನಿಮ್ಮ ಅತ್ತೆ ಕೆಟ್ಟವರು ಅಂತ ನಾನು ಹೇಳುತ್ತಿಲ್ಲ. ನಿಮ್ಮಪ್ಪನ ಹತ್ತಿರ ಎಷ್ಟಿದೆ ಅಂತ ಅವರಿಗೆ ಗೊತ್ತಿರಲಿಕ್ಕಿಲ್ಲ, ಯಾರೂ ಹೇಳಿಲ್ಲವಲ್ಲ. ಇನ್ನೊಂದು ವಿಷಯ. ಹಿಂದೆ ಎಷ್ಟೋ ಮನೆತನಗಳಲ್ಲಿ ಗಂಡಿನ ಮನೆ ಮುಂದೆಯೇ ಚಪ್ಪರ ಹಾಕಿ ಮದುವೆ ಮಾಡುತ್ತಿದ್ದರು. ಆದರೆ ಆಗ ಖರ್ಚೂ ಗಂಡಿನ ಕಡೆಯದೇ. ಈಗ ಜಾಗ ಅವರ ಊರಿನದು, ಖರ್ಚು ನಿಮ್ಮದು ಅಂದರೆ ಹೇಗೆ?

ದೂರದ ಮಾತು ಅರ್ಧ ನಿಜ. ಸಂಜೆ ಹೊತ್ತು ಹೆಬ್ಬಾಳ ದಾಟಿ ಹೊರಗೆ ಬರುವುದು ಯಾರಿಗೂ ಬೇಡ, ನಿಮಗೇ ಗೊತ್ತು. ಆದರೆ ರಾಜಾಜಿನಗರದಿಂದ ಚಿಕ್ಕಬಳ್ಳಾಪುರಕ್ಕೆ ಸುಮಾರು 60 ಕಿಲೋಮೀಟರ್ ಆದರೆ, ಚಿಕ್ಕಬಳ್ಳಾಪುರದಿಂದ ಅಲ್ಲಿಗೂ ಅಷ್ಟೇ ಅಲ್ವಾ? ಬಾಗೇಪಲ್ಲಿಯವರಿಗೆ ಅರಮನೆ ಮೈದಾನ 100 ಕಿಲೋಮೀಟರ್. ಆರತಕ್ಷತೆ ಊಟ ಮುಗಿಯುವಾಗ ರಾತ್ರಿ ಹತ್ತು ದಾಟಿರುತ್ತದೆ. ಆ ಹೊತ್ತಿನಲ್ಲಿ ನಿಮ್ಮ ದೊಡ್ಡಮ್ಮ, ಅತ್ತೆಯಂದಿರು ಯಾವ ಬಸ್ಸಿಗೆ ಕಾಯಬೇಕು? ಶಕ್ತಿ ಯೋಜನೆಯ ಉಚಿತ ಟಿಕೆಟ್ ಸಾಮಾನ್ಯ ಬಸ್ಸಿಗಷ್ಟೇ. ಮದುವೆಗೆ ಒಪ್ಪಂದದ ಮೇಲೆ ಬಸ್ ಮಾಡಿದರೆ ಕಿಲೋಮೀಟರ್ ಲೆಕ್ಕ, ಜೊತೆಗೆ ಕಾಯುವ ಹೊತ್ತಿನ ಲೆಕ್ಕ. ಮುಹೂರ್ತ ಬೆಳಿಗ್ಗೆ ಆರೂವರೆಗೆ ಇದ್ದರೆ ರಾತ್ರಿಯೇ ಉಳಿಸಿಕೊಳ್ಳಬೇಕು. ನಮ್ಮೂರಲ್ಲಾದರೆ ಅಕ್ಕಪಕ್ಕದ ಮನೆಯಲ್ಲಿ ಚಾಪೆ ಹಾಸಿದರೂ ನಡೆಯುತ್ತದೆ, ಯಾರೂ ಬೇಜಾರು ಮಾಡಿಕೊಳ್ಳುವುದಿಲ್ಲ. ಬೆಂಗಳೂರಿನಲ್ಲಿ ತಲೆಗಿಷ್ಟು ಅಂತ ರೂಮು ಹಿಡಿಯಬೇಕು.

ಹಾಲಿನವರು ಫೋನಿನಲ್ಲಿ ಹೇಳುವ ಬಾಡಿಗೆ ಬರೀ ಶುರು. ಬಾಡಿಗೆಯ ಮೇಲೆ ಜಿಎಸ್‌ಟಿ 18 ಪರ್ಸೆಂಟ್. ಬಾಡಿಗೆ 3 ಲಕ್ಷ ಅಂದುಕೊಳ್ಳಿ, ತೆರಿಗೆಯೇ 54 ಸಾವಿರ. ಕರೆಂಟು ಮೀಟರ್ ನೋಡಿ ಬೇರೆ, ಜನರೇಟರ್ ಗಂಟೆಗಿಷ್ಟು ಬೇರೆ, ಗ್ಯಾಸ್, ಕ್ಲೀನಿಂಗ್ ಬೇರೆ. ಅಡುಗೆಯವರು, ಡೆಕೊರೇಷನ್‌ನವರು ತಮ್ಮ ಪಟ್ಟಿಯಲ್ಲಿ ಇರುವವರೇ ಆಗಬೇಕು ಅನ್ನುವ ಹಾಲ್‌ಗಳೇ ಜಾಸ್ತಿ. ನಮ್ಮ ತೋಟಗಳಿಂದ ಲಾರಿಗಟ್ಟಲೆ ಹೋಗುವ ಸೇವಂತಿಗೆ, ಗುಲಾಬಿಯನ್ನೇ ನೀವು ಅಲ್ಲಿ ಡೆಕೊರೇಷನ್ ರೇಟಿಗೆ ವಾಪಸ್ ಕೊಂಡುಕೊಳ್ಳುತ್ತೀರಿ! ಕನಿಷ್ಠ ಇಷ್ಟು ಎಲೆ ಅಂತ ಗ್ಯಾರಂಟಿ ಬರೆಸಿಕೊಂಡರೆ, ಜನ ಬರದಿದ್ದರೂ ದುಡ್ಡು ಕೊಡಬೇಕು. ರಾತ್ರಿ ಊಟ, ಬೆಳಿಗ್ಗೆ ತಿಂಡಿ, ಮಧ್ಯಾಹ್ನದ ಊಟ ಅಂತ ಮೂರು ಸಲ ಎಲೆ ಎಣಿಸುತ್ತಾರೆ ಅನ್ನುವುದು ಮರೆಯಬೇಡಿ. ಊರ ಛತ್ರದಲ್ಲೂ ಸಣ್ಣಪುಟ್ಟ ಲೆಕ್ಕ ಇರುತ್ತದೆ, ಅದನ್ನೂ ಬರೆಸಿಕೊಳ್ಳಿ. ಆದರೆ ಅಲ್ಲಿ ಅಡುಗೆ ಭಟ್ಟರು ನಿಮ್ಮವರು, ಹೂವು ನಿಮ್ಮೂರದು, ಅಪ್ಪನ ಮಾತಿಗೆ ಬೆಲೆಯೂ ಇದೆ.

ರೆಸಾರ್ಟ್ ಬಗ್ಗೆ. ಆಸೆ ಪಟ್ಟಿದ್ದಕ್ಕೆ ತಪ್ಪು ಮಾಡಿದವರ ಹಾಗೆ ಬರೆದಿದ್ದೀರಿ, ಅದರ ಅಗತ್ಯವಿಲ್ಲ. ಬೆಟ್ಟದ ಬುಡ, ಹುಲ್ಲುಹಾಸು, ಒಳ್ಳೆ ಫೋಟೊ, ಯಾರಿಗೆ ಬೇಡ? ಆದರೆ ವೈಶಾಖ ಅಂದರೆ ಏಪ್ರಿಲ್ ಕೊನೆ, ಮೇ. ಆ ತಿಂಗಳ ಸಂಜೆ ಮಳೆ, ಆಲಿಕಲ್ಲು ಏನು ಮಾಡುತ್ತದೆ ಅಂತ ದ್ರಾಕ್ಷಿ ತೋಟದವರ ಮಗಳಿಗೆ ನಾನು ಹೇಳಬೇಕಾ? ಭಾನುವಾರ ಬೆಳಿಗ್ಗೆ ಮುಹೂರ್ತ ಇಟ್ಟುಕೊಂಡರೆ ಸೂರ್ಯೋದಯ ನೋಡಲು ಹೊರಟ ಬೈಕು ಕಾರುಗಳ ನಡುವೆ ನಿಮ್ಮ ಪುರೋಹಿತರೂ ಸಿಕ್ಕಿಕೊಳ್ಳುತ್ತಾರೆ. ಇವೆಲ್ಲ ಸಣ್ಣ ತೊಂದರೆ, ಮಳೆಗೆ ಒಳಗೊಂದು ಹಾಲ್ ಕೇಳಿಟ್ಟುಕೊಂಡರೆ ಮುಗಿಯಿತು. ದೊಡ್ಡ ತೊಂದರೆ ಆ 150. ಎರಡೂ ಕಡೆ ಹಂಚಿದರೆ ನಿಮ್ಮ ಪಾಲಿಗೆ 75. ನಿಮ್ಮ ಅಮ್ಮ ಇಷ್ಟು ವರ್ಷ ಯಾರ್ಯಾರ ಮನೆ ಮದುವೆಗೆ ಹೋಗಿ ಮುಯ್ಯಿ ಮಾಡಿ ಬಂದಿದ್ದಾರೋ, ಅವರಲ್ಲಿ ಮುಕ್ಕಾಲು ಜನಕ್ಕೆ ಪತ್ರಿಕೆ ಇಲ್ಲ. ಆ ಮುಜುಗರ ನಿಮಗಲ್ಲ, ಸಂತೆಯಲ್ಲಿ ಎದುರು ಸಿಕ್ಕಾಗ ಅಮ್ಮನಿಗೆ. ಎರಡೂ ಮನೆಯವರು ಮನಸ್ಸಿನಿಂದ ಒಪ್ಪಿದರೆ ಸಣ್ಣ ಮದುವೆಯಷ್ಟು ಚೆಂದದ್ದು ಇಲ್ಲ. ನಿಮ್ಮಲ್ಲಿ ಒಪ್ಪಿರುವುದು ನೀವಿಬ್ಬರೇ.

ನನ್ನನ್ನು ಕೇಳಿದರೆ ಹೀಗೆ ಮಾಡಿ. ಚಪ್ಪರ, ಧಾರೆ, ಮಧ್ಯಾಹ್ನದ ಊಟ ಚಿಕ್ಕಬಳ್ಳಾಪುರದ ಛತ್ರದಲ್ಲಿ, ಖರ್ಚು ನಿಮ್ಮ ಮನೆಯದು. ಬೆಳಗಿನ ಜಾವ ಹೊರಟರೆ ರಾಜಾಜಿನಗರದವರಿಗೆ ಹೆಬ್ಬಾಳ ಖಾಲಿಯೇ ಇರುತ್ತದೆ. ಹುಡುಗ ಮತ್ತು ಹತ್ತಿರದವರು ಹಿಂದಿನ ಸಂಜೆಯೇ ಬರಲಿ, ಅವರಿಗೆ ಒಳ್ಳೆ ರೂಮು ಮಾಡಿಕೊಡಿ, ಅದರಲ್ಲಿ ಕಂಜೂಸ್ ಬೇಡ. ಎರಡು ಮೂರು ದಿನ ಬಿಟ್ಟು ಬೆಂಗಳೂರಿನಲ್ಲಿ ಆರತಕ್ಷತೆ. ಅದು ಹುಡುಗನ ಮನೆಯವರದು. ಎಲ್ಲಿ ಮಾಡಬೇಕು, ಎಷ್ಟು ಜನ, ಎಷ್ಟು ಬಗೆ ಸ್ವೀಟು, ಎಲ್ಲ ಅವರಿಷ್ಟ, ಬಿಲ್ಲೂ ಅವರದು. ಅರಮನೆ ಮೈದಾನವೇ ಬೇಕು ಅಂದರೆ ಸಂತೋಷ, ನಿಮ್ಮ ಕಡೆಯಿಂದ ಒಂದು ಬಸ್ ಜನ ಹೋಗಿ ಊಟ ಮಾಡಿ ಬರಲಿ. ರೆಸಾರ್ಟಿಗೆ ನೀವಿಬ್ಬರೂ ನಿಮ್ಮದೇ ಸಂಬಳದಲ್ಲಿ, ಸ್ನೇಹಿತರನ್ನು ಕರೆದುಕೊಂಡು ಯಾವತ್ತಾದರೂ ಹೋಗಬಹುದು. ಅದಕ್ಕೆ ಪಂಚಾಂಗ ನೋಡಬೇಕಾಗಿಲ್ಲ.

ಇದನ್ನು ಅತ್ತೆಗೆ ಹೇಳಬೇಕಾದವರು ನೀವಲ್ಲ, ನಿಮ್ಮಪ್ಪನೂ ಅಲ್ಲ. ಹುಡುಗ ಹೇಳಬೇಕು. ಸೈಟಿನ ವಿಚಾರ ಅವನಿಗೆ ಗೊತ್ತಾ? ಪತ್ರ ನೋಡಿದರೆ ಗೊತ್ತಿಲ್ಲ ಅನ್ನಿಸುತ್ತದೆ. ಮುಚ್ಚಿಡದೆ ಹೇಳಿ. "ಅಮ್ಮ, ಅವರ ಮನೆಗೆ ಇದು ಭಾರ ಆಗುತ್ತೆ, ಬೆಂಗಳೂರಿನ ಆರತಕ್ಷತೆ ನಾವು ಮಾಡೋಣ" ಅಂತ ಅವನು ತನ್ನ ಬಾಯಲ್ಲೇ ಹೇಳಲಿ. ಹೇಳುವ ಧೈರ್ಯ ಮಾಡಿದರೆ ಅರ್ಧ ಕೆಲಸ ಆದ ಹಾಗೆ. "ಅಮ್ಮನಿಗೆ ಎದುರಾಡೋಕಾಗಲ್ಲ, ನಿಮ್ಮಪ್ಪನೇ ಹೇಗೋ ಅಡ್ಜಸ್ಟ್ ಮಾಡಿಕೊಳ್ಳಲಿ" ಅಂದರೆ, ನಿಮ್ಮ ಸಮಸ್ಯೆ ಛತ್ರದ್ದಲ್ಲ. ಆಗ ಇನ್ನೊಂದು ಪತ್ರ ಬರೆಯಿರಿ, ಬೇರೆಯದೇ ಉತ್ತರ ಕೊಡುತ್ತೇನೆ.

ಇಷ್ಟೂ ಮಾತು ಲಗ್ನಪತ್ರಿಕೆ ಬರೆಸುವ ಮುಂಚೆ ಮುಗಿಯಬೇಕು. ಒಮ್ಮೆ ಹಿರಿಯರೆದುರು ಜಾಗದ ಹೆಸರು ಓದಿಬಿಟ್ಟರೆ, ಬದಲಾಯಿಸುವುದು ನಿಮ್ಮಪ್ಪನಿಗೆ ಮರ್ಯಾದೆಯ ಪ್ರಶ್ನೆಯಾಗುತ್ತದೆ, ಆಗ ಅವರು ಸೈಟ್ ಮಾರಿಯೇ ತೀರುತ್ತಾರೆ. ವೈಶಾಖದ ಮುಹೂರ್ತಗಳಿಗೆ ಒಳ್ಳೆ ಛತ್ರಗಳು ತಿಂಗಳುಗಳ ಮೊದಲೇ ಹೋಗಿಬಿಡುತ್ತವೆ. ಆದ್ದರಿಂದ ಪುರೋಹಿತರ ಹತ್ತಿರ ಒಂದೇ ದಿನ ಅಲ್ಲ, ಎರಡು ಮೂರು ಮುಹೂರ್ತ ಬರೆಸಿಕೊಂಡು ಛತ್ರಕ್ಕೆ ಹೋಗಿ. ಅಡ್ವಾನ್ಸ್ ಕೊಡುವಾಗ, ತಾರೀಖು ಬದಲಾದರೆ ದುಡ್ಡು ವಾಪಸ್ಸಾ ಇಲ್ಲವಾ ಅನ್ನುವುದನ್ನು ರಸೀದಿಯಲ್ಲೇ ಬರೆಸಿಕೊಳ್ಳಿ. ಅಪ್ಪ ಸಂಕೋಚ ಪಟ್ಟರೆ ನೀವೇ ಕೇಳಿ.