ವಿಂಡೋಸ್‌ನಲ್ಲಿ ಕಾಣುವ ಕಂಟ್ರೋಲರ್ ಗೇಮ್‌ನಲ್ಲಿ ಯಾಕೆ ಕೆಲಸ ಮಾಡಲ್ಲ?

ಮಂಗಳೂರಿನ ಹಂಪನಕಟ್ಟೆಯಲ್ಲಿ ತಗೊಂಡ ಗೇಮ್ ಕಂಟ್ರೋಲರನ್ನು ವಿಂಡೋಸ್ ಗುರುತಿಸುತ್ತದೆ, ಗೇಮ್ ಮಾತ್ರ ಗುರುತಿಸುವುದಿಲ್ಲ ಅಂದಿದ್ದೀರಿ. ಹಾಗಾದರೆ ಅದು ಕೆಟ್ಟಿಲ್ಲ, ಹೆಚ್ಚಾಗಿ ತಪ್ಪು ಮೋಡ್‌ನಲ್ಲಿದೆ.

ವಿಂಡೋಸ್‌ನಲ್ಲಿ ಗೇಮ್‌ಗಳು ಬಟನ್ ಒತ್ತಿದ್ದನ್ನು ತಿಳಿಯಲು ಮುಖ್ಯವಾಗಿ ಎರಡು ದಾರಿ: ಹಳೆಯ ಡೈರೆಕ್ಟ್‌ಇನ್‌ಪುಟ್, ಮತ್ತು 2005ರಲ್ಲಿ ಎಕ್ಸ್‌ಬಾಕ್ಸ್ 360 ಕಾಲಕ್ಕೆ ಬಂದ ಎಕ್ಸ್‌ಇನ್‌ಪುಟ್. ಈಗಿನ ಎಷ್ಟೋ ಗೇಮ್‌ಗಳು ಎರಡನೆಯದನ್ನು ಮಾತ್ರ ಕೇಳಿಸಿಕೊಳ್ಳುತ್ತವೆ; ಕಂಟ್ರೋಲರ್ ಡೈರೆಕ್ಟ್‌ಇನ್‌ಪುಟ್ ಮೋಡ್‌ನಲ್ಲಿದ್ದರೆ ಅವಕ್ಕೆ ಅದು ಕಾಣುವುದಿಲ್ಲ.

ಕಂಟ್ರೋಲರ್ ಹಿಂಬದಿಯಲ್ಲಿ ಎಕ್ಸ್, ಡಿ ಅಂತ ಪುಟ್ಟ ಸ್ವಿಚ್ ಇದ್ದರೆ ಎಕ್ಸ್ ಕಡೆಗೆ ತಳ್ಳಿ. ಇಲ್ವಾ? ಕೆಲವು ಮಾಡೆಲ್‌ಗಳಲ್ಲಿ ಮಧ್ಯದ ಹೋಮ್ ಅಥವಾ ಮೋಡ್ ಬಟನ್ ಕೆಲವು ಸೆಕೆಂಡ್ ಒತ್ತಿ ಹಿಡಿದರೆ ಲೈಟ್ ಬದಲಾಗುತ್ತದೆ, ಮೋಡ್ ಕೂಡ. ಪ್ಲೇಸ್ಟೇಷನ್ ಕಂಟ್ರೋಲರ್ ಆದರೆ ಸ್ಟೀಮ್ (ಗೇಮ್ ಕೊಂಡು ಆಡುವ ಆ್ಯಪ್) ಸೆಟ್ಟಿಂಗ್ಸ್‌ನಲ್ಲಿ ಸ್ಟೀಮ್ ಇನ್‌ಪುಟ್ ಆನ್ ಮಾಡಿ.

ಆಮೇಲೆ ಗೇಮ್ ಮುಚ್ಚಿ ಮತ್ತೆ ತೆರೆಯಲೇಬೇಕು. ಕೆಲವು ಗೇಮ್‌ಗಳು ಶುರುವಾಗುವಾಗ ಮಾತ್ರ ಕಂಟ್ರೋಲರ್ ಹುಡುಕುತ್ತವೆ.