ಓದುಗರ ಪ್ರಶ್ನೆ: ದುಬಾರಿ ಕವಿತೆ, ಬಾಡಿಗೆ ಕಾದಂಬರಿ

ಹೋದ ತಿಂಗಳು ಇದೇ ಪುಟದಲ್ಲಿ ಇಂಗ್ಲಿಷಿನ ರೊಮ್ಯಾಂಟಿಕ್ ಕವಿಗಳ ಬಗ್ಗೆ ನಾಲ್ಕು ಮಾತು ಬರೆದಿದ್ದೆ. ಬಂದ ಪತ್ರಗಳನ್ನು ನೋಡಿದರೆ ಕವಿತೆಗಿಂತ ಪುಸ್ತಕದ ಬಗ್ಗೆ ಕೇಳಿದವರೇ ಜಾಸ್ತಿ. ಯಾರು ಅಚ್ಚು ಹಾಕುತ್ತಿದ್ದರು, ಎಷ್ಟು ಬೆಲೆ, ಯಾರು ಕೊಳ್ಳುತ್ತಿದ್ದರು ಅಂತ. ನನಗಂತೂ ತುಂಬಾ ಖುಷಿಯಾಯಿತು. ನಮ್ಮ ಹಾಸನ, ಚಿಕ್ಕಮಗಳೂರು ಕಡೆಯಿಂದಲೇ ಬಂದ ಕೆಲವನ್ನು ಈ ಸಲ ತೆಗೆದುಕೊಂಡಿದ್ದೇನೆ. ರೊಮ್ಯಾಂಟಿಕ್ ಕಾಲ ಅಂದರೆ ಸುಮಾರಾಗಿ 1780ರ ದಶಕದಿಂದ 1830ರ ದಶಕದವರೆಗೆ ಅಂದುಕೊಳ್ಳಿ.

ಪ್ರಶ್ನೆ: ಮೇಡಂ, ವರ್ಡ್ಸ್‌ವರ್ತ್ ಜನಸಾಮಾನ್ಯರ ಮಾತಿನಲ್ಲಿ ಬರೆದ ಕವಿ ಅಂತ ನಮ್ಮ ಪಠ್ಯದಲ್ಲಿದೆ. ಆ ಜನಸಾಮಾನ್ಯರು ಅವನ ಪುಸ್ತಕ ಓದುತ್ತಿದ್ದರಾ?
(ಬಿ.ಎ. ವಿದ್ಯಾರ್ಥಿನಿ, ಹಾಸನ)

ಹೆಚ್ಚಿನವರು ಓದಲಿಲ್ಲ ಕಣಮ್ಮ. ಓದು ಬಾರದವರು ಬಹಳ ಜನ ಇದ್ದರು, ಅದು ನಿಜ. ಆದರೆ ಓದು ಬಂದವರ ಕೈಗೂ ಅವನ ಪುಸ್ತಕ ಸಿಗುತ್ತಿರಲಿಲ್ಲ. ಕಾರಣ ಬೆಲೆ. 1814ರಲ್ಲಿ ಬಂದ ಅವನ ದೊಡ್ಡ ಕಾವ್ಯ 'ದಿ ಎಕ್ಸ್‌ಕರ್ಷನ್' ನೋಡು. ಅಚ್ಚಾಗಿದ್ದು 500 ಪ್ರತಿ, ಬೆಲೆ 2 ಗಿನಿ, ಅಂದರೆ 42 ಶಿಲ್ಲಿಂಗ್. ಹೊಲದಲ್ಲಿ ದುಡಿಯುವ ಕೂಲಿಗೆ ಆಗ ವಾರಕ್ಕೆ ಹತ್ತು ಹದಿನೈದು ಶಿಲ್ಲಿಂಗ್ ಸಿಕ್ಕರೆ ಹೆಚ್ಚು. ಮನೆಯವರೆಲ್ಲ ಉಪವಾಸ ಕೂತರೂ ಮೂರು ನಾಲ್ಕು ವಾರದ ಕೂಲಿ ಬೇಕು, ಒಂದು ಪುಸ್ತಕಕ್ಕೆ! ಎರಡನೇ ಮುದ್ರಣ ಬಂದಿದ್ದು 1820ರಲ್ಲಿ. ಅದೇ ಕಾಲದ ಇನ್ನೊಬ್ಬ ಕವಿ ಬೈರನ್‌ನ ಕಥೆ ಬೇರೆ. ಅವನ 'ದಿ ಕೋರ್ಸೇರ್' ಅದೇ 1814ರಲ್ಲಿ ಬಿಡುಗಡೆಯಾದ ದಿನವೇ 10,000 ಪ್ರತಿ ಹೋಯಿತು ಅಂತ ಪ್ರಕಾಶಕ ಜಾನ್ ಮರ್ರಿ ಅವನಿಗೆ ಕಾಗದ ಬರೆದಿದ್ದ. ಆದರೆ ಅದನ್ನು ಕೊಂಡವರೂ ಕೈಯಲ್ಲಿ ಕಾಸಿದ್ದವರೇ.

ಹಾಗಾದರೆ ಬಡವರು ಏನು ಓದುತ್ತಿದ್ದರು? ಹಳೆಯದನ್ನು. ಇದು ನಿಮ್ಮ ಪಠ್ಯದಲ್ಲಿ ಬರುವುದಿಲ್ಲ, ನನ್ನ ಪ್ರಕಾರ ಬರಲೇಬೇಕು. 1774ರವರೆಗೆ ಲಂಡನ್ನಿನ ಪುಸ್ತಕ ವ್ಯಾಪಾರಿಗಳು, ಒಂದು ಸಲ ಪುಸ್ತಕ ಅಚ್ಚು ಹಾಕುವ ಹಕ್ಕು ಕೊಂಡರೆ ಅದು ಎಂದೆಂದಿಗೂ ನಮ್ಮದೇ ಅಂತ ಕೂತಿದ್ದರು. ಸ್ಕಾಟ್‌ಲೆಂಡಿನ ಡೊನಾಲ್ಡ್‌ಸನ್ ಅನ್ನುವ ವ್ಯಾಪಾರಿ ಅದನ್ನು ಒಪ್ಪದೆ ಜೇಮ್ಸ್ ಥಾಮ್ಸನ್‌ನ 'ದಿ ಸೀಸನ್ಸ್' ಕಾವ್ಯವನ್ನು ಅಗ್ಗದಲ್ಲಿ ಅಚ್ಚು ಹಾಕಿದ. ಥಾಮ್ಸನ್ 1748ರಲ್ಲೇ ತೀರಿಹೋಗಿದ್ದ. ಕೇಸು ಹೌಸ್ ಆಫ್ ಲಾರ್ಡ್ಸ್‌ವರೆಗೆ, ಅಂದರೆ ಸಂಸತ್ತಿನ ಮೇಲ್ಮನೆಯವರೆಗೆ ಹೋಯಿತು, ಆಗ ಕೊನೆಯ ತೀರ್ಪು ಅಲ್ಲೇ. ಹಕ್ಕಿಗೆ ಕಾನೂನು ಹೇಳಿದಷ್ಟೇ ವರ್ಷ, ಆಮೇಲೆ ಯಾರು ಬೇಕಾದರೂ ಅಚ್ಚು ಹಾಕಬಹುದು ಅಂತ ತೀರ್ಪಾಯಿತು. ಅಲ್ಲಿಂದ ಹಳೆಯ ಕವಿಗಳ ಪುಸ್ತಕ ಧಾರಾಳವಾಗಿ ಬಂದವು. ಜಾನ್ ಬೆಲ್ ಅನ್ನುವವನು 1777ರಿಂದ ಶುರು ಮಾಡಿ 109 ಪುಟ್ಟ ಸಂಪುಟಗಳಲ್ಲಿ ಕವಿಗಳನ್ನೆಲ್ಲ ತಂದ. ಜೇಮ್ಸ್ ಲ್ಯಾಕಿಂಗ್‌ಟನ್ ಅಂತ ಒಬ್ಬ, ಮೊದಲು ಚಪ್ಪಲಿ ಹೊಲಿಯುತ್ತಿದ್ದವನು, ಅದೇ 1774ರಲ್ಲಿ ಲಂಡನ್ನಿನಲ್ಲಿ ಪುಸ್ತಕದ ಅಂಗಡಿ ತೆರೆದ. ಮುಂದೆ ಅವನದು ನಗದು ವ್ಯಾಪಾರ ಮಾತ್ರ, ಸಾಲ ಇಲ್ಲ. ಮಿಕ್ಕ ವ್ಯಾಪಾರಿಗಳು ಉಳಿದ ಪ್ರತಿಗಳನ್ನು ನಾಶ ಮಾಡಿ ಬೆಲೆ ಉಳಿಸಿಕೊಳ್ಳುತ್ತಿದ್ದರೆ ಇವನು ಅವನ್ನೆಲ್ಲ ಕೊಂಡು ಅಗ್ಗದಲ್ಲಿ ಮಾರಿದ.

ಈಗ ಜಾನ್ ಕ್ಲೇರ್ ಕಥೆ ಕೇಳು. ಕೂಲಿಯವನ ಮಗ. ಹದಿಮೂರರ ವಯಸ್ಸಿಗೆ ಊರಿನ ಒಬ್ಬ ನೇಕಾರನ ಹತ್ತಿರ ಹರಿದ 'ಸೀಸನ್ಸ್' ನೋಡಿದ. ಅಪ್ಪನನ್ನು ಕಾಡಿ ಬೇಡಿ ಒಂದೂವರೆ ಶಿಲ್ಲಿಂಗ್ ಹೊಂದಿಸಿಕೊಂಡು ಸ್ಟ್ಯಾಮ್‌ಫರ್ಡ್ ಪೇಟೆಗೆ ನಡೆದು ಹೋದ. ಅವತ್ತು ಭಾನುವಾರ, ಅಂಗಡಿ ಬಾಗಿಲು ಹಾಕಿತ್ತು. ವಾಪಸ್ ಬಂದು ಇನ್ನೊಂದು ದಿನ ಹೋಗಿ ತಂದ. ದಾರಿಯಲ್ಲೇ ಒಂದು ಗೋಡೆ ಹಾರಿ ಉದ್ಯಾನದೊಳಗೆ ಕೂತು ಓದಿದ. ಕವಿತೆ ಕಟ್ಟಲು ಶುರು ಮಾಡಿದ್ದು ಅವತ್ತೇ. 1820ರಲ್ಲಿ ಅವನ ಮೊದಲ ಪುಸ್ತಕ ಬಂತು. ಆ ತೀರ್ಪು ಬರದೇ ಇದ್ದಿದ್ದರೆ ಥಾಮ್ಸನ್‌ನ ಪುಸ್ತಕ ಒಂದೂವರೆ ಶಿಲ್ಲಿಂಗಿಗೆ ಸಿಗುತ್ತಿತ್ತಾ? ಕವಿ ಹುಟ್ಟಲು ಪ್ರತಿಭೆ ಸಾಕು ಅನ್ನುತ್ತಾರೆ. ನಾನು ಮೊದಲು ಪುಸ್ತಕದ ಬೆಲೆ ಎಷ್ಟಿತ್ತು ಅಂತ ಕೇಳುತ್ತೇನೆ.

ಪ್ರಶ್ನೆ: ಎಸ್ಟೇಟ್ ಬಂಗಲೆಯೊಂದರ ಹಳೇ ಸಾಮಾನು ಮಾರುವಾಗ ಒಂದು ಇಂಗ್ಲಿಷ್ ಪುಸ್ತಕ ಕೊಂಡೆ. ಲಂಡನ್, 1823 ಅಂತಿದೆ. ಅರ್ಧ ಪುಟಗಳು ಒಂದಕ್ಕೊಂದು ಅಂಟಿಕೊಂಡ ಹಾಗೆ ಮೇಲ್ಗಡೆ ಕೂಡಿಕೊಂಡಿವೆ. ಇದು ಅಚ್ಚಿನ ದೋಷವೇ? ಬ್ಲೇಡಿನಿಂದ ಬಿಡಿಸಲೇ?
(ಕಾಫಿ ಬೆಳೆಗಾರರು, ಸಕಲೇಶಪುರ)

ದಯವಿಟ್ಟು ಬ್ಲೇಡ್ ಕೆಳಗಿಡಿ ಸರ್! ಅದು ದೋಷ ಅಲ್ಲ, ಆಗಿನ ಪದ್ಧತಿ. ನಮ್ಮ ಪ್ರೆಸ್ಸಿನವರು ಫಾರಂ ಅಂತಾರಲ್ಲ, ಹಾಗೆ ದೊಡ್ಡ ಹಾಳೆಯಲ್ಲಿ ಎಂಟೋ ಹದಿನಾರೋ ಪುಟ ಒಟ್ಟಿಗೆ ಅಚ್ಚಾಗಿ, ಮಡಿಸಿ ಹೊಲಿಯುತ್ತಿದ್ದರು. ಈಗ ಮಡಿಕೆಯ ಅಂಚನ್ನು ಯಂತ್ರ ಕತ್ತರಿಸುತ್ತದೆ. ಆಗ ಎಷ್ಟೋ ಪುಸ್ತಕಗಳು ಹಾಗೇ, ಬರೀ ರಟ್ಟು ಹಾಕಿಕೊಂಡು ಬರುತ್ತಿದ್ದವು. ಕೊಂಡವರು ಓದುತ್ತಾ ಓದುತ್ತಾ ಪೇಪರ್ ಚಾಕುವಿನಿಂದ ಬಿಡಿಸಿಕೊಳ್ಳಬೇಕು. ಹಣವಿದ್ದವರು ಆಮೇಲೆ ತಮ್ಮ ಬೈಂಡರ್ ಹತ್ತಿರ ಚರ್ಮದ ಹೊದಿಕೆ ಹಾಕಿಸುತ್ತಿದ್ದರು. ನಿಮ್ಮ ಪುಸ್ತಕದ ಅರ್ಧ ಬಿಡಿಸಿದೆ, ಇನ್ನರ್ಧ ಕೂಡಿಕೊಂಡಿದೆ ಅಂದರೆ ಯಾರೋ ಅಲ್ಲಿಯವರೆಗೆ ಓದಿ ನಿಲ್ಲಿಸಿದ್ದಾರೆ. ಇನ್ನೂರು ವರ್ಷದ ಹಿಂದಿನ ಆ ಓದುಗ ಯಾವ ಪುಟದಲ್ಲಿ ಪುಸ್ತಕ ಮುಚ್ಚಿದ ಅನ್ನುವುದು ನಿಮ್ಮ ಕಣ್ಣೆದುರಿಗೇ ಇದೆ. ನನ್ನ ಕೈಗೆ ಸಿಕ್ಕಿದ್ದರೆ ಹಾಗೇ ಇಡುತ್ತಿದ್ದೆ.

ಕಾಗದ ಇನ್ನೂ ಗಟ್ಟಿಯಾಗಿ, ಸಾಕಷ್ಟು ಬಿಳಿಯಾಗಿ ಇರಬೇಕು ಅಲ್ವಾ? ಆಗ ಕಾಗದ ಮಾಡುತ್ತಿದ್ದದ್ದು ಹಳೇ ನಾರುಬಟ್ಟೆ, ಹತ್ತಿಬಟ್ಟೆ ಚಿಂದಿಯಿಂದ. ಮರದ ತಿರುಳಿನ ಕಾಗದ ಬಂದಿದ್ದು ಆಮೇಲೆ. ನಿಮ್ಮ ಅಜ್ಜನ ಕಾಲದ ಪುಸ್ತಕ ಮುಟ್ಟಿದರೆ ಪುಡಿಯಾಗುತ್ತದೆ, ಅದಕ್ಕಿಂತ ಎಷ್ಟೋ ಹಳೆಯದಾದ ಇದು ಆಗುವುದಿಲ್ಲ, ಕಾರಣ ಇದೇ. ಚಿಂದಿಗೆ ಬರ, ಕಾಗದಕ್ಕೆ ಸರ್ಕಾರದ ತೆರಿಗೆ ಬೇರೆ. ಮೇಲೆ ಹೇಳಿದ ದುಬಾರಿ ಬೆಲೆಗೆ ಇದೂ ಒಂದು ಕಾರಣ. ಮಲೆನಾಡಿನ ಮಳೆಗಾಲದಲ್ಲಿ ಬೂಷ್ಟು ಹಿಡಿಯದ ಹಾಗೆ ನೋಡಿಕೊಳ್ಳಿ. ಗೋಡೆಗೆ ಒತ್ತಿ ಇಡಬೇಡಿ, ಪ್ಲಾಸ್ಟಿಕ್ಕಿನಲ್ಲಿ ಸುತ್ತಬೇಡಿ, ಬಿಸಿಲಿಗೂ ಹಾಕಬೇಡಿ. ಗಾಳಿಯಾಡುವ ಬೀರುವಿನಲ್ಲಿಟ್ಟು ವಾರಕ್ಕೊಮ್ಮೆ ತೆರೆದು ನೋಡಿದರೆ ಸಾಕು.

ಪ್ರಶ್ನೆ: ನನ್ನ ಕವನ ಸಂಕಲನ ತರಲು ಒಬ್ಬ ಪ್ರಕಾಶಕರು ನನ್ನಿಂದಲೇ ದುಡ್ಡು ಕೇಳುತ್ತಿದ್ದಾರೆ, ಹಕ್ಕನ್ನೂ ಬರೆದುಕೊಡಿ ಅನ್ನುತ್ತಿದ್ದಾರೆ. ಸ್ವಂತ ಹಣದಲ್ಲಿ ಪುಸ್ತಕ ತಂದರೆ ಮರ್ಯಾದೆ ಇರುತ್ತಾ ಮೇಡಂ?
(ಯುವ ಕವಿ, ಚಿಕ್ಕಮಗಳೂರು)

ಖಂಡಿತ ಇರುತ್ತೆ. ಜೇನ್ ಆಸ್ಟೆನ್ ಹೆಸರು ಕೇಳಿರುತ್ತೀರಿ. ಅವಳ ಮೊದಲ ಕಾದಂಬರಿ 'ಸೆನ್ಸ್ ಆಂಡ್ ಸೆನ್ಸಿಬಿಲಿಟಿ' 1811ರಲ್ಲಿ ಬಂದಿದ್ದು ಹೀಗೇ. ನಷ್ಟವಾದರೆ ಅವಳದೇ ಹೊಣೆ, ಪ್ರಕಾಶಕನಿಗೆ ಕಮಿಷನ್. ಹೆಸರೂ ಇಲ್ಲ, 'ಒಬ್ಬ ಮಹಿಳೆ ಬರೆದದ್ದು' ಅಂತಷ್ಟೇ. ಕೊನೆಗೆ ಅವಳಿಗೆ 140 ಪೌಂಡ್ ಲಾಭ ಬಂತು. ಮುಂದಿನ 'ಪ್ರೈಡ್ ಆಂಡ್ ಪ್ರಿಜುಡಿಸ್' ಹಕ್ಕನ್ನು 110 ಪೌಂಡಿಗೆ ಮಾರಿಬಿಟ್ಟಳು. ಅದು ಎಷ್ಟೇ ಮುದ್ರಣ ಕಂಡರೂ ಅವಳಿಗೆ ಮತ್ತೆ ಕಾಸು ಬರಲಿಲ್ಲ. ಇದಕ್ಕಿಂತ ನೋವಿನದು ಇನ್ನೊಂದಿದೆ. 1803ರಲ್ಲೇ ಒಬ್ಬ ಪ್ರಕಾಶಕ ಅವಳ ಒಂದು ಕಾದಂಬರಿಯನ್ನು 10 ಪೌಂಡಿಗೆ ಕೊಂಡು, ಅಚ್ಚು ಹಾಕದೆ ಸುಮ್ನೆ ಇಟ್ಟುಕೊಂಡ. ಹದಿಮೂರು ವರ್ಷ! 1816ರಲ್ಲಿ ಅದೇ 10 ಪೌಂಡ್ ಕೊಟ್ಟು ಹಸ್ತಪ್ರತಿ ವಾಪಸ್ ತೆಗೆದುಕೊಳ್ಳಬೇಕಾಯಿತು. ಅದು 'ನಾರ್ತ್ಯಾಂಗರ್ ಅಬ್ಬಿ' ಅಂತ ಹೊರಬಂದಾಗ ಅವಳು ಬದುಕಿರಲಿಲ್ಲ.

ಕವಿ ವಿಲಿಯಂ ಬ್ಲೇಕ್ ಪ್ರಕಾಶಕರ ಸಹವಾಸವೇ ಬೇಡ ಅಂತ ತಾಮ್ರದ ತಗಡಿನಲ್ಲಿ ತಾನೇ ಅಕ್ಷರ, ಚಿತ್ರ ಎರಡನ್ನೂ ಮೂಡಿಸಿ, ಹೆಂಡತಿ ಕ್ಯಾಥರೀನ್ ಜೊತೆ ಕೂತು ಒಂದೊಂದು ಪ್ರತಿಗೂ ಬಣ್ಣ ಹಚ್ಚಿದ. ನಮ್ಮ ಗಳಗನಾಥರು ಪುಸ್ತಕ ಹೊತ್ತುಕೊಂಡು ಊರೂರು ತಿರುಗಿ ಮಾರಲಿಲ್ಲವೇ? ಅವರಿಗಿಂತ ಮರ್ಯಾದೆ ಯಾರಿಗಿದೆ?

ಆದರೆ ದುಡ್ಡೂ ನಿಮ್ಮದು, ಹಕ್ಕೂ ಅವರದು ಅಂದರೆ ಅದಕ್ಕೆ ಒಪ್ಪಬೇಡಿ. ಎರಡರಲ್ಲಿ ಒಂದು. ಈಗ ನೂರಿನ್ನೂರು ಪ್ರತಿ ಮಾತ್ರ ಹಾಕಿಸಲು ಆಗುತ್ತದೆ. ಅಷ್ಟು ಹಾಕಿಸಿ, ಹಕ್ಕು ನಿಮ್ಮ ಹೆಸರಲ್ಲೇ ಇರಲಿ, ಏನೇ ಒಪ್ಪಂದವಾದರೂ ಕಾಗದದ ಮೇಲೆ ಇರಲಿ. ಕಡಿಮೆ ಪ್ರತಿ ಅಂತ ಬೇಜಾರು ಮಾಡಿಕೊಳ್ಳಬೇಡಿ. 1818ರಲ್ಲಿ ಮೇರಿ ಶೆಲ್ಲಿಯ 'ಫ್ರಾಂಕೆನ್‌ಸ್ಟೈನ್' ಬಂದಾಗ ಅಚ್ಚಾಗಿದ್ದು 500.

ಪ್ರಶ್ನೆ: ವಾಟ್ಸ್‌ಆ್ಯಪ್‌ನಲ್ಲಿ ಪಿಡಿಎಫ್ ಹಂಚುವವರಿಂದ ನಮ್ಮ ವ್ಯಾಪಾರ ಹಾಳಾಗುತ್ತಿದೆ. ಆಗಲೂ ಕದ್ದು ಅಚ್ಚು ಹಾಕುತ್ತಿದ್ದರಾ?
(ಪುಸ್ತಕ ವ್ಯಾಪಾರಿ, ಮೂಡಿಗೆರೆ)

ರಾಜಾರೋಷವಾಗಿ ಹಾಕುತ್ತಿದ್ದರು. ರಾಬರ್ಟ್ ಸದಿ ಅನ್ನುವ ಕವಿ ಹುಡುಗಾಟದ ವಯಸ್ಸಿನಲ್ಲಿ ಒಂದು ಕ್ರಾಂತಿಯ ನಾಟಕ ಬರೆದಿದ್ದ. 1817ರಲ್ಲಿ, ಅವನು ಆಸ್ಥಾನಕವಿಯಾಗಿ ರಾಜನ ಕಡೆಯವನಾದ ಮೇಲೆ, ಯಾರೋ ಅದನ್ನು ಕೇಳದೇ ಅಚ್ಚು ಹಾಕಿದರು. ತಡೆಯಿರಿ ಅಂತ ಕೋರ್ಟಿಗೆ ಹೋದ. ಸಮಾಜಕ್ಕೆ ಕೆಡುಕು ಮಾಡುವ ಬರಹಕ್ಕೆ ಕಾನೂನಿನ ರಕ್ಷಣೆ ಇಲ್ಲ ಅಂತ ನ್ಯಾಯಾಧೀಶರು ತಡೆ ಕೊಡಲಿಲ್ಲ. ಆಮೇಲೆ ಕೇಳಬೇಕೇ, ಯಾರು ಬೇಕಾದರೂ ಅಚ್ಚು ಹಾಕಿ ಅಗ್ಗದಲ್ಲಿ ಮಾರಿದರು. ಬೈರನ್‌ನ 'ಡಾನ್ ಜುವಾನ್' ಕೂಡ ಹೀಗೇ ಕಳ್ಳ ಮುದ್ರಣದಲ್ಲಿ ಓಡಿತು. ಅದಕ್ಕೆ 1823ರಲ್ಲಿ ಜಾನ್ ಹಂಟ್ ಎಂಬ ಪ್ರಕಾಶಕ ಮುಂದಿನ ಭಾಗಗಳನ್ನು ತಾನೇ ಒಂದು ಶಿಲ್ಲಿಂಗಿಗೆ ತಂದ. ಕದ್ದವರಿಗಿಂತ ಮೊದಲು ಅಸಲಿಯೇ ಅಗ್ಗದಲ್ಲಿ ಸಿಗಲಿ ಅಂತ. ನಿಮ್ಮ ಸಂಕಟ ಅರ್ಥವಾಗುತ್ತದೆ. ಆದರೂ ನಮ್ಮ ಪ್ರಕಾಶಕರು ಹಂಟ್ ಮಾಡಿದ್ದನ್ನು ಒಮ್ಮೆ ಮಾಡಿ ನೋಡಬೇಕು ಅನ್ನಿಸುತ್ತದೆ.

ಪ್ರಶ್ನೆ: ಈ ಕವಿಗಳು ಕನ್ನಡಕ್ಕೆ ಬಂದಿದ್ದು ಯಾವಾಗ?
(ನಿವೃತ್ತ ಶಿಕ್ಷಕರು, ಅರಸೀಕೆರೆ)

ಮುಖ್ಯವಾಗಿ ಬಿ.ಎಂ.ಶ್ರೀ. ಅವರ 'ಇಂಗ್ಲಿಷ್ ಗೀತಗಳು' ಮೂಲಕ, 1920ರ ದಶಕದಲ್ಲಿ. ಅಂದರೆ ನೂರು ವರ್ಷ ತಡವಾಗಿ, ಆದರೆ ತಾಜಾ ಆಗಿ ಬಂದರು. ಕೊಪ್ಪ ತಾಲ್ಲೂಕಿನ ಹಿರೇಕೊಡಿಗೆಯಲ್ಲಿ ಹುಟ್ಟಿದ ಕುವೆಂಪು ಅವರೂ ಮೊದಲು ಇಂಗ್ಲಿಷಿನಲ್ಲೇ ಕವಿತೆ ಬರೆಯುತ್ತಿದ್ದರು. ನಿಮ್ಮ ಭಾಷೆಯಲ್ಲೇ ಬರೆಯಿರಿ ಅಂತ ಅವರಿಗೆ ಹೇಳಿದ್ದು ಜೇಮ್ಸ್ ಕಸಿನ್ಸ್ ಎಂಬ ಐರಿಷ್ ಕವಿ.

ಪ್ರಶ್ನೆ: ನಮ್ಮತ್ತೆ ಮದುವೆಯಾದ ಹೊಸದರಲ್ಲಿ ಕಾದಂಬರಿಗಳನ್ನು ಅಕ್ಕಿ ಡಬ್ಬದಲ್ಲಿ ಬಚ್ಚಿಟ್ಟು ಓದುತ್ತಿದ್ದರಂತೆ. ಇಂಗ್ಲೆಂಡಿನಲ್ಲೂ ಹೆಂಗಸರಿಗೆ ಹೀಗೇ ಇತ್ತಾ? ಅತ್ತೆಗೆ ಈಗ ಕಣ್ಣು ಸರಿಯಾಗಿ ಕಾಣಲ್ಲ. ಏನಾದರೂ ಓದಿ ಹೇಳಬೇಕು ಅಂತಿದ್ದೇನೆ, ಯಾವುದು ಓದಲಿ?
(ಗೃಹಿಣಿ, ಬೇಲೂರು)

ನಿಮ್ಮ ಪತ್ರ ಓದಿ ನನ್ನ ಅಮ್ಮನ ನೆನಪಾಯಿತು. ಹಾಸನದ ಬಿ.ಎಂ. ರಸ್ತೆಯ ಹತ್ತಿರ ಒಂದು ಸರ್ಕ್ಯುಲೇಟಿಂಗ್ ಲೈಬ್ರರಿ ಇತ್ತು. ದಿನಕ್ಕೆ ಹತ್ತು ಪೈಸೆ ಬಾಡಿಗೆ. ನಾನೇ ತರಕಾರಿ ಚೀಲದಲ್ಲಿಟ್ಟುಕೊಂಡು ತರುತ್ತಿದ್ದೆ, ಅಪ್ಪ ಬರುವ ಮೊದಲು ಅಮ್ಮ ಮುಗಿಸುತ್ತಿದ್ದಳು. ಎಷ್ಟೋ ಸಲ ಕೊನೇ ಪುಟ ಯಾರೋ ಹರಿದಿರುತ್ತಿದ್ದರು. ಆಗ ಪಕ್ಕದ ಮನೆಯವರನ್ನು ಕೇಳಿಕೊಂಡು ಬಾ ಅಂತ ನನ್ನನ್ನೇ ಓಡಿಸುತ್ತಿದ್ದಳು.

ಇಂಗ್ಲೆಂಡಿನಲ್ಲೂ ಹೀಗೇ ಇತ್ತು. ಆ ಸರ್ಕ್ಯುಲೇಟಿಂಗ್ ಲೈಬ್ರರಿ ಅನ್ನುವ ಹೆಸರೂ ಅಲ್ಲಿಂದಲೇ ಬಂದಿದ್ದು. ವಿಲಿಯಂ ಲೇನ್ ಎಂಬುವನು ಲಂಡನ್ನಿನಲ್ಲಿ ಮಿನರ್ವಾ ಪ್ರೆಸ್ ನಡೆಸುತ್ತಿದ್ದ. ಕಾದಂಬರಿ ಅಚ್ಚು ಹಾಕುವವನೂ ಅವನೇ, ಬಾಡಿಗೆಗೆ ಕೊಡುವವನೂ ಅವನೇ. ಅವನಿಗೆ ಬರೆದವರಲ್ಲಿ ಹೆಂಗಸರು ಬಹಳ. ಹೆಣ್ಣುಮಕ್ಕಳು ಕಾದಂಬರಿ ಓದಿ ಕೆಡುತ್ತಾರೆ ಅಂತ ಪತ್ರಿಕೆಗಳಲ್ಲಿ, ಉಪದೇಶದ ಪುಸ್ತಕಗಳಲ್ಲಿ ಬೈಗುಳವೋ ಬೈಗುಳ. ಆದರೂ ಓದಿದರು. ಕಾದಂಬರಿಗಳು ಮೂರು ಸಂಪುಟದಲ್ಲಿ ಬರುತ್ತಿದ್ದದ್ದು ಇಂಥ ಲೈಬ್ರರಿಗಳಿಗೆ ಅನುಕೂಲವಾಯಿತು. ಒಂದೇ ಕಾದಂಬರಿಯನ್ನು ಒಂದೇ ಸಲಕ್ಕೆ ಮೂರು ಮನೆಗೆ ಕೊಡಬಹುದಲ್ಲ! 1821ರಲ್ಲಿ ವಾಲ್ಟರ್ ಸ್ಕಾಟ್‌ನ 'ಕೆನಿಲ್‌ವರ್ತ್' ಒಂದೂವರೆ ಗಿನಿಗೆ ಬಂದ ಮೇಲೆ ಆ ಬೆಲೆ ದಶಕಗಟ್ಟಲೆ ಹಾಗೇ ನಿಂತಿತು. ಬಾಡಿಗೆ ಇಲ್ಲದಿದ್ದರೆ ಎಷ್ಟೋ ಹೆಂಗಸರಿಗೆ ಹೊಸ ಕಾದಂಬರಿ ಕಣ್ಣಿಗೂ ಬೀಳುತ್ತಿರಲಿಲ್ಲ.

ಓದಿ ಹೇಳುವುದು ಆ ಕಾಲದ ಮನೆಗಳಲ್ಲಿ ದಿನಾ ಸಂಜೆಯ ರೂಢಿ. ಮೇಣದಬತ್ತಿ ದುಬಾರಿ, ಪುಸ್ತಕ ಒಂದೇ, ಒಬ್ಬರು ಓದಿದರೆ ಉಳಿದವರು ಹೊಲಿಗೆ ಹಾಕುತ್ತಾ ಕೇಳುತ್ತಿದ್ದರು. 1813ರ ಜನವರಿಯಲ್ಲಿ 'ಪ್ರೈಡ್ ಆಂಡ್ ಪ್ರಿಜುಡಿಸ್' ಅಚ್ಚಾಗಿ ಮನೆಗೆ ಬಂದಾಗ ಜೇನ್ ಆಸ್ಟೆನ್ ಮತ್ತು ಅವಳ ತಾಯಿ ಅವತ್ತೇ ಪಕ್ಕದ ಮನೆಯ ಹೆಂಗಸೊಬ್ಬಳನ್ನು ಕೂರಿಸಿಕೊಂಡು ಓದಿ ಹೇಳಿದರು. ಬರೆದವಳು ಎದುರಿಗೇ ಕೂತಿದ್ದಾಳೆ ಅಂತ ಪಾಪ ಆಕೆಗೆ ಗೊತ್ತೇ ಇರಲಿಲ್ಲ.

ನಿಮ್ಮ ಅತ್ತೆಗೆ ಏನು ಓದಲಿ ಅಂದಿರಿ. ನಾನು ಹೇಳುವುದು ಬೇಡ, ಅವರನ್ನೇ ಕೇಳಿ. ಅಕ್ಕಿ ಡಬ್ಬದಲ್ಲಿ ಬಚ್ಚಿಟ್ಟಿದ್ದ ಕಾದಂಬರಿ ಯಾವುದು ಅಂತ. ಅದೇ ಓದಿ, ಈ ಸಲ ಹಜಾರದಲ್ಲಿ ಕೂತು, ಗಟ್ಟಿಯಾಗಿ. ಅಂಗಡಿಯಲ್ಲಿ ಸಿಗದಿದ್ದರೆ ಲೈಬ್ರರಿಯಲ್ಲಿ ವಿಚಾರಿಸಿ. ಅಲ್ಲೂ ಇಲ್ಲದಿದ್ದರೆ ಹೆಸರು ಬರೆದು ಒಂದು ಕಾಗದ ಹಾಕಿ. ಅಮ್ಮನ ಟ್ರಂಕಿನಲ್ಲಿ ಹುಡುಕುತ್ತೇನೆ.