3500 ಮಿ.ಮೀ. ಮಳೆ ಬಿದ್ದರೂ ಕಾಸರಗೋಡಿನ ಗುಡ್ಡಗಳಲ್ಲಿ ಮಳೆಕಾಡು ಯಾಕಿಲ್ಲ?

ಪ್ರಶ್ನೆ ಕೇಳಿದವರು ಮಾರ್ಚ್‌ನಲ್ಲಿ ಇಲ್ಲಿನ ಪೊಸಡಿ ಗುಂಪೆ ಗುಡ್ಡ ಹತ್ತಿ ಇಳಿದಿದ್ದಾರೆ. ಅವರ ಪ್ರಶ್ನೆ ಇಷ್ಟು: ಕಾಸರಗೋಡಿಗೆ ವರ್ಷಕ್ಕೆ ಸುಮಾರು 3500 ಮಿ.ಮೀ. ಮಳೆ. ಸಿಂಗಾಪುರಕ್ಕಿಂತ ಜಾಸ್ತಿ, ಅಮೆಜಾನಿನ ನಡುವೆ ಇರುವ ಮನಾಸ್‌ಗಿಂತಲೂ ಜಾಸ್ತಿ. ಅಲ್ಲೆಲ್ಲ ದಟ್ಟ ಮಳೆಕಾಡು, ಇಲ್ಲಿ ಗುಡ್ಡದ ತಲೆಯ ಮೇಲೆ ಒಣಹುಲ್ಲು ಮತ್ತು ಕಪ್ಪು ಕಲ್ಲು. ಕಾಡು ಕಡಿದು ಹೀಗಾಯಿತಾ? ಗಿಡ ನೆಟ್ಟರೆ ಮಳೆಕಾಡು ಆಗುತ್ತಾ?

ನಾನು ಕಾಸರಗೋಡಿನ ಬಾಯಾರು ಊರಿನ ಕಡೆಯವನು. ಓದಿದ್ದು ಸಸ್ಯಶಾಸ್ತ್ರ, ಹೊಟ್ಟೆಪಾಡು ಅಡಿಕೆ. ಎರಡೂ ಕಡೆಯಿಂದ ಈ ಪ್ರಶ್ನೆ ನನಗೆ ತಟ್ಟುತ್ತದೆ, ಹಾಗಾಗಿ ಸ್ವಲ್ಪ ಉದ್ದಕ್ಕೇ ಬರೆಯುತ್ತೇನೆ.

ಮೊದಲು, ವರ್ಷದ ಒಟ್ಟು ಮಳೆಯ ಲೆಕ್ಕ ಬಿಟ್ಟುಬಿಡಿ. ಮರ ಬದುಕುವುದು ವರ್ಷದ ಲೆಕ್ಕದಲ್ಲಿ ಅಲ್ಲ, ತಿಂಗಳ ಲೆಕ್ಕದಲ್ಲಿ. ಉಷ್ಣವಲಯದ ತುಂಬು ಹಸಿರು ಕಾಡು ದಿನಕ್ಕೆ ಮೂರರಿಂದ ನಾಲ್ಕು ಮಿ.ಮೀ. ನೀರನ್ನು ಎಲೆಗಳಿಂದ ಆವಿ ಮಾಡಿ ಬಿಡುತ್ತದೆ. ತಿಂಗಳಿಗೆ ಹೆಚ್ಚು ಕಡಿಮೆ 100 ಮಿ.ಮೀ. ಆಯಿತು. ಅಷ್ಟು ಮಳೆ ಬಾರದ ತಿಂಗಳಲ್ಲಿ ಮರ ಮಣ್ಣಿನಲ್ಲಿ ಉಳಿದದ್ದನ್ನು ಕುಡಿಯಬೇಕು. ಸಿಂಗಾಪುರದಲ್ಲಿ ವರ್ಷಕ್ಕೆ 2100 ಮಿ.ಮೀ. ಆಸುಪಾಸು ಮಳೆಯಾದರೂ ಎಲ್ಲಕ್ಕಿಂತ ಒಣಗಿದ ಫೆಬ್ರವರಿಯಲ್ಲೂ ಸರಾಸರಿ 100 ಮಿ.ಮೀ. ಬೀಳುತ್ತದೆ. ಅಲ್ಲಿನ ಮರಕ್ಕೆ ಉಳಿತಾಯದ ಚಿಂತೆಯೇ ಇಲ್ಲ. ನಮ್ಮಲ್ಲಿ ಜೂನ್, ಜುಲೈ ಎರಡೇ ತಿಂಗಳಲ್ಲಿ ವರ್ಷದ ಅರ್ಧದಷ್ಟು ಮಳೆ ಸುರಿದು ಹೋಗುತ್ತದೆ. ಜನವರಿ, ಫೆಬ್ರವರಿಯಲ್ಲಿ ಹೆಚ್ಚಿನ ವರ್ಷ ಒಂದು ಹನಿಯೂ ಇಲ್ಲ. ಡಿಸೆಂಬರಿನಿಂದ ಏಪ್ರಿಲ್ ತನಕ ಐದು ತಿಂಗಳು ಹಿಡಿದರೆ, ಕಾಡಿಗೆ 500 ಮಿ.ಮೀ. ಬೇಕು. ಒಂದೆರಡು ಬೇಸಿಗೆ ಮಳೆ ಕಳೆದರೂ 400 ಅಂತೂ ನೆಲದೊಳಗೆ ಇರಲೇಬೇಕು.

ಜುಲೈಯಲ್ಲಿ ಸಾವಿರ ಮಿ.ಮೀ. ಬಂದರೂ, ಎರಡು ಸಾವಿರ ಬಂದರೂ ಈ ಲೆಕ್ಕ ಬದಲಾಗುವುದಿಲ್ಲ. ನೆಲ ತುಂಬಿದ ಮೇಲೆ ಬಿದ್ದದ್ದೆಲ್ಲ ಶಿರಿಯ ಹೊಳೆಗೆ, ಅಲ್ಲಿಂದ ಕಡಲಿಗೆ.

ಇದು ಪುಸ್ತಕದ ಮಾತು ಅನಿಸಿದರೆ ನಮ್ಮ ತೋಟಕ್ಕೆ ಬನ್ನಿ. ಅಡಿಕೆ ಆಗ್ನೇಯ ಏಷ್ಯಾದ ತೇವದ ನಾಡಿನ ಮರ. ಕಾಸರಗೋಡಿನ ಸಿಪಿಸಿಆರ್‌ಐ, ಅಂದರೆ ಕೇಂದ್ರ ತೋಟದ ಬೆಳೆಗಳ ಸಂಶೋಧನಾ ಸಂಸ್ಥೆ, ಬೇಸಿಗೆಯಲ್ಲಿ ಒಂದು ಮರಕ್ಕೆ ಒಂದು ಸಲಕ್ಕೆ 175 ಲೀಟರ್ ನೀರು ಹೇಳುತ್ತದೆ. ಮಾರ್ಚ್‌ನಿಂದ ಮೇ ತನಕ ಮೂರರಿಂದ ಐದು ದಿನಕ್ಕೊಮ್ಮೆ. ಮರಗಳ ನಡುವೆ 2.7 ಮೀಟರ್ ಅಂತರ. ಕಾಗದದಲ್ಲಿ ಲೆಕ್ಕ ಹಾಕಿ ನೋಡಿ, ಅದು ಪ್ರತಿ ಸಲ 24 ಮಿ.ಮೀ. ಮಳೆ ಬಿದ್ದ ಹಾಗೆ. ಮಳೆಗಾಲದ ಒಂದು ಒಳ್ಳೆಯ ದಿನವನ್ನು ನಾಲ್ಕು ದಿನಕ್ಕೊಮ್ಮೆ ನಾವೇ ಪಂಪು ಹಾಕಿ ತರಿಸಬೇಕು! ಒಂದು ವಾರ ಕರೆಂಟು ಕೈಕೊಟ್ಟರೆ ಸೋಗೆ ಜೋಲುತ್ತದೆ, ಹಿಂಗಾರ, ಅಂದರೆ ಅಡಿಕೆಯ ಹೂಗೊಂಚಲು, ಒಣಗುತ್ತದೆ. ಅಡಿಕೆ ತೋಟ ಇರುವವರಿಗೆಲ್ಲ ಮಳೆಕಾಡಿನ ಮರವನ್ನು ಮಳೆಯಿಲ್ಲದ ತಿಂಗಳು ಸಾಕುವ ಖರ್ಚು ಎಷ್ಟು ಅಂತ ಗೊತ್ತು. ಹಾಗೆ ಯೋಚಿಸಿರುವುದಿಲ್ಲ, ಅಷ್ಟೇ.

ಆದರೆ ತೋಟದ ಅಂಚಿನಲ್ಲೇ ಯಾರೂ ನೀರು ಹಾಕದ ಧೂಪದ ಮರ, ಹೆಬ್ಬಲಸು, ಕಾಡುಮಾವು ಹಸಿರಾಗಿಯೇ ನಿಂತಿರುತ್ತವೆ. ಕಾಡುಮಾವು ಆ ಉರಿಬಿಸಿಲಿನಲ್ಲೇ ಕೆಂಪು ಚಿಗುರು ಬಿಡುತ್ತದೆ. ಅವಕ್ಕೆ ನೀರು ಎಲ್ಲಿಂದ? ನೀವು ಹತ್ತಿದ ಗುಡ್ಡದ ಕೆಳಗಿನಿಂದ.

ಈ ಕಡೆಯ ಗುಡ್ಡ ಅಂದರೆ ಮೇಲೆ ಮುರಕಲ್ಲಿನ ಪದವು, ಅಂದರೆ ಚಪ್ಪಟೆ ಬಯಲು. ಮುರಕಲ್ಲು ಕೂಡಾ ಹವಾಮಾನವೇ ಮಾಡಿದ ಕಲ್ಲು. ಬಿಸಿಲು ಮಳೆ ಲಕ್ಷಾಂತರ ವರ್ಷ ಒಂದರ ಮೇಲೊಂದು ಬಿದ್ದು ಮೂಲ ಬಂಡೆಯ ಸಾರವೆಲ್ಲ ತೊಳೆದುಹೋಗಿ, ಕಬ್ಬಿಣ ಮತ್ತು ಅಲ್ಯೂಮಿನಿಯಂ ಮಾತ್ರ ಗಟ್ಟಿಯಾಗಿ ಉಳಿದದ್ದು. ಒಳಗಿರುವಾಗ ಕತ್ತಿ ಇಳಿಯುವಷ್ಟು ಮೆದು, ಗಾಳಿಬಿಸಿಲು ತಾಗಿದ ಮೇಲೆ ಗಡಸು. ಪದವಿನ ಮೇಲೆ ಮಣ್ಣು ಬೆರಳಿನಷ್ಟು ದಪ್ಪ ಇದ್ದರೆ ಹೆಚ್ಚು. ಒಂದು ಮೀಟರ್ ಆಳದ ಒಳ್ಳೆಯ ಮಣ್ಣೇ ಮರಕ್ಕೆ ಸಿಗುವ ಹಾಗೆ ಹಿಡಿದಿಡುವುದು 100ರಿಂದ 200 ಮಿ.ಮೀ. ನೀರು. ನಮಗೆ ಬೇಕಾದ 400ಕ್ಕೆ ಎರಡರಿಂದ ನಾಲ್ಕು ಮೀಟರ್ ಮಣ್ಣು ಬೇಕು. ಪದವಿನಲ್ಲಿ ಅದು ಎಲ್ಲಿಂದ ಬರಬೇಕು? ಟೆರೇಸಿನ ಮೇಲೆ ಎಷ್ಟು ಮಳೆ ಸುರಿದರೇನು, ಅಲ್ಲಿ ಹಲಸಿನ ಮರ ಏಳುವುದಿಲ್ಲ ಅಲ್ವಾ?

ಆದರೆ ಈ ಕಲ್ಲು ಪೂರ್ತಿ ಮುಚ್ಚಿಲ್ಲ. ತುಂಬಾ ತೂತು, ಬಿರುಕು. ಅದರಲ್ಲಿ ಇಳಿದ ನೀರು ಕೆಳಗಿನ ಶೇಡಿ (ಜೇಡಿ) ಮಣ್ಣಿನ ಮೇಲೆ ನಿಲ್ಲುತ್ತದೆ, ಮೆಲ್ಲಗೆ ಗುಡ್ಡದ ಬುಡಕ್ಕೆ ಜಾರುತ್ತದೆ. ನಮ್ಮ ಹಿರಿಯರು ಸುರಂಗ ಕೊರೆದದ್ದು ಈ ನೀರಿಗೇ. ಬಾಯಾರು, ಪೈವಳಿಕೆ, ಎಣ್ಮಕಜೆ ಕಡೆ ಇವತ್ತಿಗೂ ಸುರಂಗದ ನೀರು ಕುಡಿಯುವ ಮನೆಗಳಿವೆ. ಗುಡ್ಡದ ಬದಿಗೆ ಒಬ್ಬ ಮನುಷ್ಯ ತೂರುವಷ್ಟು ಅಗಲಕ್ಕೆ, ನೀರು ಸಿಗುವ ತನಕ ಅಡ್ಡ ತೋಡುವುದು. ಪಂಪು ಬೇಡ, ತಾನಾಗಿ ಹರಿದು ಬರುತ್ತದೆ. ಏಪ್ರಿಲ್‌ನಲ್ಲಿ ಒಳಗೆ ಹೋಗಿ ಟಾರ್ಚ್ ಹಾಕಿದರೆ ಕೆಲವು ಕಡೆ ಮೇಲಿನ ಮಣ್ಣಿನಿಂದ ನವುರಾದ ಬೇರುಗಳು ಇಳಿದಿರುತ್ತವೆ, ಒಂದೊಂದರ ತುದಿಯಲ್ಲೂ ಹನಿ. ಅದರ ಮೇಲೆ ಹೊರಗೆ ನಿಂತ ಮರ ಯಾವುದು ನೋಡಿ. ಧೂಪವೋ ನೇರಳೆಯೋ ಆಗಿರುತ್ತದೆ, ಎಲೆ ಒಂದೂ ಬಾಡಿರುವುದಿಲ್ಲ.

ಹಾಗಾಗಿ ಪದವಿನಿಂದ ತೋಟಕ್ಕೆ ಇಳಿದು ಬಂದರೆ ಅರ್ಧ ಗಂಟೆಯೊಳಗೆ ಮೂರು ನಮೂನೆಯ ಕಾಡು ಸಿಗುತ್ತದೆ. ತಲೆಯಲ್ಲಿ ಹುಲ್ಲು. ಅಂಚಿನಲ್ಲಿ ಕೇಪಳ, ಕುಂಟಲ, ನಡುನಡುವೆ ಎಲೆ ಉದುರಿಸುವ ಮತ್ತಿ, ಹೊನ್ನೆ. ಬುಡದಲ್ಲಿ ಹಸಿರು ಮರಗಳು. ಮೂರಕ್ಕೂ ಬೀಳುವ ಮಳೆ ಒಂದೇ. ಬೇರಿನ ಕೆಳಗೆ ಏನಿದೆ ಅನ್ನುವುದು ಮಾತ್ರ ಬೇರೆ.

ಘಟ್ಟದ ಉದ್ದಕ್ಕೂ ಇದೇ ಕಥೆ. ತೆಂಕು ತುದಿಯ ಅಗಸ್ತ್ಯಮಲೆಯಲ್ಲಿ ಒಣ ತಿಂಗಳು ಎರಡೋ ಮೂರೋ, ಬಡಗಿನ ಮಹಾರಾಷ್ಟ್ರಕ್ಕೆ ಹೋದರೆ ಏಳೆಂಟು. ಪುದುಚೇರಿಯ ಫ್ರೆಂಚ್ ಇನ್‌ಸ್ಟಿಟ್ಯೂಟಿನವರು 1980ರ ದಶಕದಲ್ಲಿ ಮಾಡಿದ ಕೆಲಸದಲ್ಲಿ ಇದು ಚೆನ್ನಾಗಿ ಕಾಣುತ್ತದೆ: ಉತ್ತರಕ್ಕೆ ಹೋದ ಹಾಗೆ ನಿತ್ಯಹಸಿರು ಮರಗಳ ಜಾತಿ ಒಂದೊಂದಾಗಿ ಕೈಬಿಡುತ್ತವೆ. ಮಹಾಬಲೇಶ್ವರದ ಮಳೆ 5000 ಮಿ.ಮೀ. ದಾಟುತ್ತದೆ, ನಮಗಿಂತ ಎಷ್ಟೋ ಜಾಸ್ತಿ. ಆದರೂ ಅಲ್ಲಿ ಕುಳ್ಳ ಮರಗಳ ಕಾಡು. ಇನ್ನೊಂದು ಕಡೆ, ಉತ್ತರ ಕನ್ನಡದ ಸಿದ್ದಾಪುರ ತಾಲೂಕಿನ ಕತ್ತಲೆಕಾನಿನಲ್ಲಿ ರಾಮಪತ್ರೆ ಜಡ್ಡಿ, ಅಂದರೆ ಜೌಗು ಕಾಡು, ಇದೆ. ಅಲ್ಲಿಯೂ ಒಣ ತಿಂಗಳು ನಮಗಿಂತ ಕಡಿಮೆಯೇನಿಲ್ಲ. ಆದರೆ ವರ್ಷವಿಡೀ ಬತ್ತದ ತೋಡಿನ ಕೆಸರಿನಲ್ಲಿ ರಾಮಪತ್ರೆ ಜಾತಿಯ ಮರಗಳು ನಿಂತಿವೆ. ಉಸಿರಾಟಕ್ಕೆ ಬೇರುಗಳನ್ನು ಮಂಡಿಯ ಹಾಗೆ ಮಡಚಿ ಕೆಸರಿನಿಂದ ಮೇಲೆ ಎತ್ತಿಕೊಂಡಿವೆ. ನೋಡದಿದ್ದರೆ ಒಮ್ಮೆ ನೋಡಿ ಬನ್ನಿ. ಪೊಸಡಿ ಗುಂಪೆಗಿಂತ ಅದೇ ಚಂದ, ನಮ್ಮೂರಿನವರು ಬೈದರೂ ಪರವಾಗಿಲ್ಲ.

ಅಮೆಜಾನ್ ಅಂದರೆ ದಿನಾ ಮಳೆ ಅಂತ ನಾವು ತಿಳಿದಿರುತ್ತೇವೆ. ಪೂರ್ವ ಅಮೆಜಾನಿನ ಪಾರಾ ರಾಜ್ಯದಲ್ಲಿ ತಿಂಗಳುಗಟ್ಟಲೆ ಮಳೆ ತೀರಾ ಕಡಿಮೆ ಇರುವ ಕಾಲ ಇದೆ, ಆದರೂ ಕಾಡು ಹಸಿರು. ಅದು ಹೇಗೆ ಅಂತ ನೆಪ್‌ಸ್ಟಾಡ್ ಎಂಬ ಪರಿಸರ ವಿಜ್ಞಾನಿ ಮತ್ತು ಜೊತೆಗಾರರು ಆಳವಾಗಿ ತೋಡಿ ನೋಡಿದರು. 1994ರಲ್ಲಿ ಬರೆದದ್ದು ಇಷ್ಟು: ಮರಗಳು ಎಂಟು ಮೀಟರಿಗೂ ಕೆಳಗಿನಿಂದ ನೀರು ಎಳೆಯುತ್ತಿವೆ. ಅಲ್ಲಿ ಅಷ್ಟು ಆಳಕ್ಕೆ ಮಣ್ಣಿದೆ. ಇನ್ನೊಂದು ವ್ಯತ್ಯಾಸ ಮಳೆಯದ್ದು. ಅಮೆಜಾನಿನಲ್ಲಿ ಅಟ್ಲಾಂಟಿಕ್‌ನಿಂದ ಬಂದ ತೇವವನ್ನು ಕಾಡು ಮಳೆಯಾಗಿ ಪಡೆದು, ಆವಿಯಾಗಿ ಬಿಟ್ಟು, ಒಳನಾಡಿಗೆ ಮತ್ತೆ ಮತ್ತೆ ದಾಟಿಸುತ್ತದೆ. ಕಾಡು ಹೋದರೆ ಅಲ್ಲಿ ಮಳೆಯೂ ಹೋಗುತ್ತದೆ. ನಮ್ಮ ಜೂನ್ ಮಳೆ ನೇರ ಅರಬ್ಬೀ ಸಮುದ್ರದ ಗಾಳಿ ಘಟ್ಟಕ್ಕೆ ಬಡಿದು ಬರುವುದು. "ಮರ ನೆಟ್ಟರೆ ಮಳೆ ಬರುತ್ತದೆ" ಅಂತ ಕಾರ್ಯಕ್ರಮಗಳಲ್ಲಿ ಭಾಷಣ ಮಾಡುತ್ತಾರಲ್ಲ, ಕಾಸರಗೋಡಿನಲ್ಲಿ ಅದಕ್ಕೆ ಹೆಚ್ಚು ಅರ್ಥ ಇಲ್ಲ. ಇಲ್ಲಿ ಮಳೆ ಹೇಗೂ ಬರುತ್ತದೆ. ಬಂದದ್ದು ನಿಲ್ಲಬೇಕು, ನಮ್ಮ ಚಿಂತೆ ಅದು. ಒಣ ಕಾಲ ಉದ್ದವಾದರೆ ಅಮೆಜಾನಿಗೂ ಉಳಿಗಾಲ ಇಲ್ಲ. 2023ರ ಅಕ್ಟೋಬರಿನಲ್ಲಿ ಮನಾಸ್‌ನಲ್ಲಿ ನೀಗ್ರೋ ನದಿ ನೂರಕ್ಕೂ ಹೆಚ್ಚು ವರ್ಷಗಳ ದಾಖಲೆಯಲ್ಲೇ ಎಲ್ಲಕ್ಕಿಂತ ಕೆಳಗೆ ಇಳಿಯಿತು. 2024ರಲ್ಲಿ ಅದಕ್ಕಿಂತಲೂ ಕೆಳಗೆ.

ಇನ್ನು ನಿಮ್ಮ ಎರಡನೇ ಪ್ರಶ್ನೆ, ಕಾಡು ಕಡಿದು ಹೀಗಾಯಿತಾ ಅನ್ನುವುದು. ಕೆಲವು ಕಡೆ ಹೌದು, ಕೆಲವು ಕಡೆ ಅಲ್ಲ. ಗೊತ್ತಾಗಬೇಕಾದರೆ ಅದೇ ಗುಡ್ಡಕ್ಕೆ ಆಗಸ್ಟ್‌ನಲ್ಲಿ ಬನ್ನಿ. ಗಟ್ಟಿ ಪದವಿನಲ್ಲಿ ಪಳ್ಳಗಳು, ಅಂದರೆ ನೀರು ನಿಲ್ಲುವ ಹೊಂಡಗಳು, ತುಂಬಿರುತ್ತವೆ, ಸುತ್ತ ನೆಲವೆಲ್ಲ ನೀಲಿ. ಓಣಂ ಹೊತ್ತಿಗೆ ಮಕ್ಕಳು ಪೂಕಳಕ್ಕೆ (ಹೂವಿನ ರಂಗೋಲಿಗೆ) ಕೀಳುವ ಆ ನೀಲಿ ಹೂವಿನ ಗಿಡ ಯೂಟ್ರಿಕ್ಯುಲೇರಿಯ. ಕಿತ್ತು ಬೇರಿನ ಕಡೆ ಕಣ್ಣಿಗೆ ಹತ್ತಿರ ಹಿಡಿದು ನೋಡಿ, ಸಾಸಿವೆಗಿಂತ ಸಣ್ಣ ಚೀಲಗಳು. ನೀರಿನ ಸೂಕ್ಷ್ಮ ಹುಳ ತಾಗಿದರೆ ಸಾಕು, ಒಳಗೆ ಎಳೆದುಕೊಳ್ಳುತ್ತದೆ. ಪಕ್ಕದಲ್ಲೇ ಅಂಟು ಹನಿ ಹೊತ್ತ ಕೆಂಪು ಡ್ರೋಸೆರಾ ಇರುತ್ತದೆ, ಅದೂ ಹುಳ ತಿನ್ನುವುದೇ. ಮಣ್ಣಿನಲ್ಲಿ ಸಾರಜನಕ, ರಂಜಕ ಏನೂ ಇಲ್ಲದ ಕಡೆ ಗಿಡಗಳು ಕಲಿತ ಉಪಾಯ ಇದು. ಇಂಥವು ಇದ್ದರೆ ಆ ಪದವು ನಿನ್ನೆ ಮೊನ್ನೆ ಬೋಳಾದದ್ದಲ್ಲ, ಮೊದಲಿನಿಂದಲೂ ಬಯಲೇ. ಅಲ್ಲಿ ಜೆಸಿಬಿ ತಂದು ಗುಂಡಿ ಹೊಡೆದು ಅಕೇಶಿಯಾ ನೆಡುವುದು ನನ್ನ ಕಣ್ಣಿಗೆ ಕಾಡು ಬೆಳೆಸುವ ಕೆಲಸವಲ್ಲ, ಹಾಳು ಮಾಡುವ ಕೆಲಸ.

ಬದಲಿಗೆ ಬುಡ ಕಡಿದಲ್ಲಿಂದ ಮತ್ತೆ ಚಿಗುರಿದ ಗಿಡಗಳು, ಕುಂಟಲ, ಕೇಪಳ, ಮೊಣಕಾಲೆತ್ತರದ ನೇರಳೆ ಕಂಡರೆ ಅದು ತಡೆದು ನಿಲ್ಲಿಸಿದ ಕಾಡು. ಸೌದೆಗೆ, ಸೊಪ್ಪಿಗೆ ಅಂತ ನಾವೇ ಸವರಿದ್ದು, ಬೇಸಿಗೆಯಲ್ಲಿ ಬೆಂಕಿ ಬಿದ್ದದ್ದು. ನಮ್ಮ ತೋಟಗಳು ಗುಡ್ಡದ ಸೊಪ್ಪು ತಿಂದೇ ಬೆಳೆದವು, ಅದನ್ನು ಮುಚ್ಚಿಡುವುದರಲ್ಲಿ ಅರ್ಥ ಇಲ್ಲ. ಅಲ್ಲಿ ನೆಡುವ ಅವಸರವೂ ಬೇಡ. ಬೆಂಕಿ, ಕತ್ತಿ ದೂರ ಇಟ್ಟರೆ ತಾನಾಗಿ ಏಳುತ್ತದೆ.

ನೆಟ್ಟು ಗೆದ್ದವರೂ ಇದ್ದಾರೆ. ಇದೇ ಜಿಲ್ಲೆಯ ಪರಪ್ಪ ಎಂಬ ಊರಿನ ಹತ್ತಿರದ ಅಬ್ದುಲ್ ಕರೀಮ್ ಅವರ ಕಾಡು ನೀವು ಕೇಳಿರಬಹುದು. 1977ರಲ್ಲಿ ಐದು ಎಕರೆ ಬೋಳು ಮುರಕಲ್ಲಿನ ಜಾಗದಿಂದ ಶುರುಮಾಡಿ 32 ಎಕರೆ ಕಾಡು ಮಾಡಿದರು. ಮೊದಲಿಗೆ ದೂರದಿಂದ ಗಾಡಿಯಲ್ಲಿ ನೀರು ತಂದು ಗಿಡಕ್ಕೆ ಹಾಕಿದರು, ಕಾಡು ಬೆಳೆದ ಮೇಲೆ ಬತ್ತಿದ ಬಾವಿಯಲ್ಲಿ ನೀರು ನಿಂತಿತು. ನೆಟ್ಟದ್ದಕ್ಕಿಂತ ಆಮೇಲೆ ಸುಮ್ನೆ ಬಿಟ್ಟದ್ದೇ ದೊಡ್ಡ ಕೆಲಸ ಅಂತ ನನಗೆ ಅನಿಸುತ್ತದೆ. ತರಗೆಲೆ ಬಿದ್ದಲ್ಲೇ ಕೊಳೆತರೆ ಬಿರುಕಿನ ಬಾಯಿಗೆ ಮಣ್ಣು ಸೇರುತ್ತದೆ, ಬೇರು ಇಳಿಯುತ್ತದೆ, ಬೇರಿನ ಜಾಡಿನಲ್ಲಿ ನೀರು ಇಳಿಯುತ್ತದೆ. ನಾಗಬನಗಳಲ್ಲಿ ಆಗುತ್ತಿದ್ದದ್ದೂ ಇದೇ. ವರ್ಷಕ್ಕೊಮ್ಮೆ ತಂಬಿಲಕ್ಕೆ, ಅಂದರೆ ನಾಗನ ಪೂಜೆಗೆ, ಬಿಟ್ಟರೆ ಬನದೊಳಗೆ ಯಾರೂ ಕಾಲಿಡುವಂತಿರಲಿಲ್ಲ, ಒಂದು ಕಡ್ಡಿ ತರುವಂತಿರಲಿಲ್ಲ. ಈಗ ಜೀರ್ಣೋದ್ಧಾರ ಅಂತ ಮರ ಕಡಿದು ಕಟ್ಟೆಗೆ ಗ್ರಾನೈಟು, ಸುತ್ತ ಇಂಟರ್‌ಲಾಕ್. ನಾಗನಿಗೆ ಬಿಸಿಲು ತಾಗುತ್ತದೆ ಅಂತ ಮೇಲೆ ಶೀಟು ಬೇರೆ!

ಗಿಡ ನೆಡಲೇಬೇಕು ಅಂತಿದ್ದರೆ ಗುಡ್ಡದ ತಲೆ ಬಿಡಿ, ಬುಡದಿಂದ ಶುರುಮಾಡಿ ಮೇಲಕ್ಕೆ ಹೋಗಿ. ಪುನರ್ಪುಳಿ, ಹೆಬ್ಬಲಸು, ಕಾಡುಮಾವು, ನೇರಳೆ, ಧೂಪ ಇವೆಲ್ಲ ಸಾಕು. ಧೂಪದ ಬೀಜ ಕೊರಿಯರ್‌ನಲ್ಲಿ ತರಿಸುವ ಯೋಚನೆ ಮಾಡಬೇಡಿ. ಅದಕ್ಕೆ ಒಣಗಿ ಕಾಯುವ ಗುಣವೇ ಇಲ್ಲ, ಮಳೆ ಶುರುವಾಗುವ ಹೊತ್ತಿಗೆ ಉದುರುತ್ತದೆ, ನೆಲದಲ್ಲಿ ಬಿದ್ದ ಕೆಲವೇ ದಿನಗಳಲ್ಲಿ ಸಿಪ್ಪೆ ಒಡೆದು ಮೊಳಕೆ ಬಂದಿರುತ್ತದೆ. ಡಬ್ಬದಲ್ಲಿ ಒಣಗಿಸಿಟ್ಟರೆ ಸತ್ತಿತು. ಜೂನ್ ಕೊನೆಗೆ ಬಂದು ಮರದಡಿಯಿಂದ ಮೊಳಕೆ ಬಂದದ್ದನ್ನೇ ಹೆಕ್ಕಿ ಅವತ್ತೇ ನೆಡಿ. ಮೊದಲ ಎರಡು ಬೇಸಿಗೆ ಬುಡಕ್ಕೆ ದಪ್ಪಕ್ಕೆ ತರಗೆಲೆ ಹೊದೆಸಿ, ವಾರಕ್ಕೊಂದು ಕೊಡಪಾನ ನೀರು ಹಾಕುವವರು ಯಾರು ಅಂತ ಗಿಡ ನೆಡುವ ಮೊದಲೇ ಮಾತಾಡಿಕೊಳ್ಳಿ.